ಒಂಟಾರಿಯೊದಲ್ಲಿ ತೆರವು ಆದೇಶಕ್ಕೆ ಆರೇ ತಿಂಗಳ ಆಯಸ್ಸು

ಕೆನಡಾದ ಒಂಟಾರಿಯೊ ಪ್ರಾಂತ್ಯದಲ್ಲಿ ಮನೆ ಕೊಂಡು ಬೇಸ್‌ಮೆಂಟನ್ನು ಬಾಡಿಗೆಗೆ ಕೊಟ್ಟಿರುವ ಕನ್ನಡಿಗರಿಗೆ ನೋಟಿಸ್‌ಗಳ ಪಾಠ ಬೇಕಾಗಿಲ್ಲ. ಬಾಡಿಗೆ ಬಾಕಿಗೆ ಎನ್4 ನೋಟಿಸ್, ಮಾಲೀಕರ ಸ್ವಂತ ವಾಸಕ್ಕೆ ಎನ್12 ನೋಟಿಸ್, ಆಮೇಲೆ ಬಾಡಿಗೆ ತಕರಾರುಗಳನ್ನು ತೀರ್ಮಾನಿಸುವ ಲ್ಯಾಂಡ್‌ಲಾರ್ಡ್ ಅಂಡ್ ಟೆನೆಂಟ್ ಬೋರ್ಡಿಗೆ ಅರ್ಜಿ ಎಂಬುದು ಎಲ್ಲರಿಗೂ ಬಾಯಿಪಾಠವಾಗಿದೆ. ನಮ್ಮವರು ಎಡವುತ್ತಿರುವುದು ಗೆದ್ದ ಮೇಲೆ.

ಭಾರತದಲ್ಲಿ ಡಿಕ್ರಿಯ, ಎಂದರೆ ಕೋರ್ಟ್ ತೀರ್ಪಿನ ಆದೇಶದ, ಅಮಲ್ಜಾರಿಗೆ ಕಾಲಮಿತಿ ಕಾಯ್ದೆ 12 ವರ್ಷಗಳ ಅವಕಾಶ ಕೊಡುತ್ತದೆ. ಹಾಗಾಗಿ ಆದೇಶವನ್ನು ಬೀರುವಿನಲ್ಲಿಟ್ಟು ಬಾಡಿಗೆದಾರನೊಡನೆ ಮಾತುಕತೆಗೆ ಕೂರುವುದು ನಮಗೆ ರೂಢಿ. ಇಲ್ಲಿನ 2006ರ ಬಾಡಿಗೆ ಕಾಯ್ದೆಯ ಪ್ರಕಾರ, ಬೋರ್ಡಿನ ತೆರವು ಆದೇಶ ಜಾರಿಗೆ ಬಂದ ದಿನದಿಂದ ಆರು ತಿಂಗಳೊಳಗೆ ಅದನ್ನು ಶೆರಿಫ್ ಕಚೇರಿಗೆ, ಎಂದರೆ ಕೋರ್ಟ್ ಎನ್‌ಫೋರ್ಸ್‌ಮೆಂಟ್ ಕಚೇರಿಗೆ ಸಲ್ಲಿಸದಿದ್ದರೆ ಅದು ತಾನಾಗಿಯೇ ರದ್ದಾಗುತ್ತದೆ. ಬ್ರಾಂಪ್ಟನ್‌ನ ಪರಿಚಿತರೊಬ್ಬರಿಗೆ ಆದದ್ದು ಇದೇ. ಮಕ್ಕಳ ಶಾಲಾ ವರ್ಷ ಮುಗಿಯುವ ತನಕ ಇರುತ್ತೇವೆ ಎಂದು ಬಾಡಿಗೆದಾರರು ಬೇಡಿಕೊಂಡಾಗ ಇವರು ಬಾಯಿಮಾತಿನಲ್ಲೇ ಒಪ್ಪಿದರು. ಶಾಲೆ ಮುಗಿದರೂ ಅವರು ಕದಲಲಿಲ್ಲ, ಕೊನೆಗೆ ಇವರು ಆದೇಶ ಹಿಡಿದು ಕಚೇರಿಗೆ ಹೋಗುವ ಹೊತ್ತಿಗೆ ಗಡುವು ದಾಟಿತ್ತು. ಹೊಸ ನೋಟಿಸ್, ಹೊಸ ಅರ್ಜಿ, ಹೊಸ ಶುಲ್ಕ, ಮತ್ತೆ ವಿಚಾರಣೆಯ ದಿನಕ್ಕಾಗಿ ಕಾಯುವುದು, ಈ ನಡುವೆ ಮನೆ ಸಾಲದ ಕಂತು ಕಟ್ಟುವುದು ತಮ್ಮದೇ ಜೇಬಿನಿಂದ. ಆದ್ದರಿಂದ ಆದೇಶದಲ್ಲಿ ಅನುಮತಿಸಿದ ಮೊದಲ ದಿನವೇ ಅದನ್ನು ಶೆರಿಫ್ ಕಚೇರಿಗೆ ಸಲ್ಲಿಸಿ. ಕರುಣೆ ತೋರಿಸುವುದಿದ್ದರೆ ಸಲ್ಲಿಸಿದ ಮೇಲೆ ತೋರಿಸಿ.

ಬಾಡಿಗೆದಾರ ಇಷ್ಟು ಪಟ್ಟು ಹಿಡಿಯುವುದು ಬರಿಯ ಹಠದಿಂದಲ್ಲ. 2018ರ ನವೆಂಬರ್ 15ರ ನಂತರ ಮೊದಲ ಬಾರಿಗೆ ವಾಸಕ್ಕೆ ಬಳಕೆಯಾದ ಮನೆಗಳನ್ನು ಬಿಟ್ಟರೆ, ಉಳಿದವುಗಳ ಬಾಡಿಗೆಯ ವಾರ್ಷಿಕ ಏರಿಕೆಗೆ ಪ್ರಾಂತ್ಯ ಸರ್ಕಾರವೇ ಮಿತಿ ಹಾಕುತ್ತದೆ. 2025ರಲ್ಲಿ ಅದು ಶೇ. 2.5 ಇತ್ತು. ಹೊಸದಾಗಿ ಬರುವವನಿಗೆ ಮಾತ್ರ ಮಾಲೀಕ ಹೇಳಿದ್ದೇ ಬಾಡಿಗೆ. ಹಳೆಯ ಮನೆ ಬಿಟ್ಟವನಿಗೆ ಅದೇ ಬೀದಿಯಲ್ಲಿ ಆ ದುಡ್ಡಿಗೆ ಇನ್ನೊಂದು ಮನೆ ಸಿಗುವುದಿಲ್ಲ.

ಆದೇಶ ಕೈಯಲ್ಲಿದೆಯೆಂದು ನೀವೇ ಬೀಗ ಬದಲಾಯಿಸುವಂತಿಲ್ಲ, ನೀರು ಅಥವಾ ಹೀಟಿಂಗ್ ನಿಲ್ಲಿಸುವಂತಿಲ್ಲ, ಎರಡೂ ಅಪರಾಧಗಳು. ತೆರವು ಮಾಡಿಸುವ ಅಧಿಕಾರ ಶೆರಿಫ್‌ಗೆ ಮಾತ್ರ. ಅವರು ಬರುವ ದಿನ ಬೀಗದವನನ್ನು ನಿಮ್ಮ ಖರ್ಚಿನಲ್ಲಿ ಕರೆಸಿಕೊಂಡು ನೀವೂ ಹಾಜರಿರಬೇಕು. ಅಧಿಕಾರಿಗಳು ಜನರನ್ನು ಹೊರಗೆ ಕಳಿಸುತ್ತಾರೆ, ಸಾಮಾನು ಮುಟ್ಟುವುದಿಲ್ಲ. ನಾನು ಜೊತೆಗೆ ಹೋಗಿದ್ದ ಒಂದು ಮನೆಯಲ್ಲಿ ಬೀಗದವನು ಕದದ ಸಿಲಿಂಡರ್ ಬಿಚ್ಚುತ್ತಿದ್ದಾಗ ಒಲೆಯ ಮೇಲೆ ಅರ್ಧ ಬೆಂದ ಅನ್ನವಿತ್ತು. ಮಾಲೀಕರು ಬಾಗಿಲಿಗೆ ಅಡ್ಡವಿದ್ದ ಮಗುವಿನ ಸೈಕಲ್ಲನ್ನು ಬೀದಿಗೆ ಇಡಲು ಹೋದರೆ ಅಧಿಕಾರಿ ಅಲ್ಲೇ ತಡೆದರು. ತೆರವಿನ ನಂತರ 72 ಗಂಟೆ ಆ ಸಾಮಾನು ಬಾಡಿಗೆದಾರನದ್ದೇ, ಬೆಳಿಗ್ಗೆ 8ರಿಂದ ರಾತ್ರಿ 8ರವರೆಗೆ ಬಂದು ಒಯ್ಯಲು ಬಿಡಬೇಕು. ಅಷ್ಟರೊಳಗೆ ಏನನ್ನಾದರೂ ಮಾರಿದರೆ ಅಥವಾ ಎಸೆದರೆ ಪರಿಹಾರ ಕಟ್ಟಬೇಕಾದೀತು.

ಯಾವ ವ್ಯವಸ್ಥೆ ಮೇಲು ಎಂದು ಕೇಳುವವರಿದ್ದಾರೆ. ಜಾರಿಯ ದಿನ ಎಲ್ಲವೂ ನಿಯಮದಂತೆ, ಜಗಳವಿಲ್ಲದೆ ಮುಗಿಯುವುದರಲ್ಲಿ ಒಂಟಾರಿಯೊ ಮುಂದಿದೆ. ಅಮಲ್ಜಾರಿಯ ಹಂತದಲ್ಲಿ ಹೊಸ ತಕರಾರುದಾರರು ಹುಟ್ಟಿಕೊಳ್ಳುವ ನಮ್ಮ ಪರಿಪಾಠ ಇಲ್ಲಿ ಕಡಿಮೆ. ಆದರೆ ಬೆಂಗಳೂರಿನಲ್ಲಿ ಹತ್ತು ತಿಂಗಳ ಮುಂಗಡ ಮಾಲೀಕರ ಕೈಯಲ್ಲಿರುತ್ತದೆ; ಇಲ್ಲಿ ಕೊನೆಯ ತಿಂಗಳ ಬಾಡಿಗೆಗಿಂತ ಹೆಚ್ಚು ಪಡೆಯುವಂತಿಲ್ಲ, ಆದ್ದರಿಂದ ವಿಳಂಬದ ಹೊರೆ ಪೂರ್ತಿ ನಿಮ್ಮದೇ.

ಬಾಕಿಯ ಪ್ರಕರಣವಾದರೆ ಇನ್ನೊಂದು ವಿಷಯ ನೆನಪಿರಲಿ. ಶೆರಿಫ್ ಬರುವ ಮುನ್ನ ಬಾಡಿಗೆದಾರ ಬಾಕಿಯನ್ನೂ ಖರ್ಚನ್ನೂ ಪೂರ್ತಿ ಕಟ್ಟಿ ಆದೇಶವನ್ನು ರದ್ದುಪಡಿಸುವಂತೆ ಬೋರ್ಡನ್ನು ಕೇಳಬಹುದು. ಆದೇಶ ಜಾರಿಯೋಗ್ಯವಾದ ನಂತರ ಈ ಅವಕಾಶ ಆ ಬಾಡಿಗೆಯ ಅವಧಿಯಲ್ಲಿ ಒಮ್ಮೆ ಮಾತ್ರ. ಆಗ ನೀವು ಶೆರಿಫ್ ಕಚೇರಿಗೆ ಕಟ್ಟಿದ ಶುಲ್ಕವನ್ನೂ ಅವನೇ ಭರಿಸಬೇಕಾಗುವುದರಿಂದ ಅದರ ರಸೀದಿಯನ್ನು ಜೋಪಾನವಾಗಿಡಿ.