ತೆಳು ಲ್ಯಾಪ್‌ಟಾಪ್‌ನಲ್ಲಿ ಆಟ: ಇಪ್ಪತ್ತನೆಯ ನಿಮಿಷದ ಲೆಕ್ಕ

ಬೆಳಗ್ಗೆ ಎಂಟೂಕಾಲರ ಹೊತ್ತಿಗೆ ಮುಂಬೈ ಪಕ್ಕದ ಡೊಂಬಿವಲಿಯಲ್ಲಿ ಫಾಸ್ಟ್ ಲೋಕಲ್ ರೈಲು ಹತ್ತುವವರಿಗೆ ಒಂದು ಕಿಲೋ ಎಂದರೆ ಎಷ್ಟು ಭಾರ ಎಂಬುದನ್ನು ಯಾರೂ ಹೇಳಿಕೊಡಬೇಕಾಗಿಲ್ಲ. ಬ್ಯಾಗನ್ನು ಬೆನ್ನಿನಿಂದ ತೆಗೆದು ಎದೆಗೆ ಹಾಕಿಕೊಂಡು, ಮಹಿಳೆಯರ ಬೋಗಿಯಲ್ಲಿ ದಾದರ್ ಬರುವವರೆಗೆ ಒಂದೇ ಕಾಲಿನ ಮೇಲೆ ನಿಂತಂತೆ ನಿಲ್ಲಬೇಕು. ಆಟಕ್ಕೆಂದೇ ತಯಾರಾಗುವ ಲ್ಯಾಪ್‌ಟಾಪ್ ಎರಡು, ಎರಡೂವರೆ ಕಿಲೋ ತೂಗುತ್ತದೆ. ಜೊತೆಗೆ ಇಟ್ಟಿಗೆಯಂಥ ಅಡಾಪ್ಟರ್. ನನ್ನದು ಲೆಕ್ಕಪರಿಶೋಧನೆಯ ಕೆಲಸ. ಇವತ್ತು ಫೋರ್ಟ್‌ನ ಕಚೇರಿ, ನಾಳೆ ಭಿವಂಡಿಯ ಗೋದಾಮು. ಹಾಗಾಗಿ 1.3 ಕಿಲೋದ ತೆಳು ಲ್ಯಾಪ್‌ಟಾಪ್ ಕೊಂಡೆ. ಮನೆಯಲ್ಲಿ ಡೆಸ್ಕ್‌ಟಾಪ್ ಇಡೋಣವೆಂದರೆ, ನಾನೂ ಅಪ್ಪನೂ ಇರುವ ಒಂದು ಬೆಡ್‌ರೂಮಿನ ಫ್ಲ್ಯಾಟ್‌ನಲ್ಲಿ ಅದಕ್ಕೆ ಜಾಗ ಮಾಡಲು ದೇವರ ಗೂಡನ್ನೇ ಸರಿಸಬೇಕಾಗುತ್ತಿತ್ತು. ಅಪ್ಪನ ಮುಂದೆ ಆ ಮಾತು ಎತ್ತಲಿಲ್ಲ.

ಆದರೆ ಆಟದ ಹುಚ್ಚು ಕಾಲೇಜಿನ ದಿನಗಳಿಂದ ಬಂದದ್ದು, ಬಿಟ್ಟು ಹೋಗುವಂಥದ್ದಲ್ಲ. ಲ್ಯಾಪ್‌ಟಾಪ್ ಬಂದ ವಾರವೇ 'ಗ್ರ್ಯಾಂಡ್ ಥೆಫ್ಟ್ ಆಟೋ 5' ಇಳಿಸಿಕೊಂಡೆ. ಪಿಸಿಗೆ 2015ರಲ್ಲಿ ಬಂದ ಆಟ, ಹಳೆಯದಾಯಿತು, ಸುಲಭವಾಗಿ ಓಡೀತು ಎಂಬುದು ನನ್ನ ಅಂದಾಜು. ಮೊದಲ ಹತ್ತು ನಿಮಿಷ ಓಡಿತು ಕೂಡ. ಪರದೆಯ ಮೂಲೆಯಲ್ಲಿ ಸೆಕೆಂಡಿಗೆ 38, 40 ಫ್ರೇಮ್ (ಪರದೆಗೆ ಬರುವ ಒಂದೊಂದು ಚಿತ್ರ, ಹೆಚ್ಚಿದಷ್ಟೂ ಓಟ ನಯ) ಎಂದು ತೋರಿಸುತ್ತಿತ್ತು. ನಾನು ಗೆದ್ದೆ ಎಂದುಕೊಂಡೆ. ಇಪ್ಪತ್ತನೆಯ ನಿಮಿಷಕ್ಕೆ ಅದು 22ಕ್ಕೆ ಇಳಿದಿತ್ತು. ಕಾರು ತಿರುಗಿಸಿದರೆ ರಸ್ತೆ ಅರೆಕ್ಷಣ ತಡವಾಗಿ ತಿರುಗುತ್ತಿತ್ತು. ಫ್ಯಾನು ಕುಕ್ಕರ್ ಸೀಟಿಗೆ ಮುಂಚಿನ ಸದ್ದು ಹೊರಡಿಸುತ್ತಿತ್ತು, ಕೀಬೋರ್ಡಿನ ನಡುಭಾಗ ಬೆರಳಿಡಲಾಗದಷ್ಟು ಕಾದಿತ್ತು.

ಅಪ್ಪ ಮಾಟುಂಗಾದ ಹೋಟೆಲಿನಲ್ಲಿ ಮೂವತ್ತು ವರ್ಷ ದೋಸೆ ಹೊಯ್ದವರು. ಕುರ್ಚಿಯಿಂದ ಎದ್ದು ಬಂದು ಲ್ಯಾಪ್‌ಟಾಪಿನ ಬೆನ್ನಿಗೆ ಅಂಗೈ ಹಿಡಿದು ನೋಡಿದರು.

"ಮೊದಲು ಚೆನ್ನಾಗಿ ಓಡುತ್ತಿತ್ತಲ್ಲ?" ಎಂದರು.

"ಹೌದಪ್ಪ, ಈಗ ಎಳೆಯುತ್ತಿದೆ."

"ಮೊದಲ ದೋಸೆ ನೋಡಿ ಕಾವಲಿಯ ಗುಣ ಹೇಳಬಾರದು. ಊಟದ ಹೊತ್ತಿನ ಗಿರಾಕಿ ಬಂದಾಗ, ಇಪ್ಪತ್ತು ದೋಸೆ ಆದ ಮೇಲೆ ನೋಡಬೇಕು."

ಆ ಮಾತಿನಿಂದಲೇ ನನ್ನ ಪದ್ಧತಿ ಶುರುವಾಯಿತು. ಅಂದಿನಿಂದ ನಾನು ಮೊದಲ ಹತ್ತು ನಿಮಿಷದ ಅಂಕಿಗಳನ್ನು ಬರೆದುಕೊಳ್ಳುವುದಿಲ್ಲ. ಆಟ ಹಚ್ಚಿ, ಇಪ್ಪತ್ತು ನಿಮಿಷ ಆಡಿ, ಆಮೇಲೆ ಒಂದೇ ರಸ್ತೆಯಲ್ಲಿ ಒಂದೇ ಸುತ್ತು ಹೊಡೆದು ಫ್ರೇಮ್, ಉಷ್ಣಾಂಶ, ವಾಟ್ ಮೂರನ್ನೂ ಗುರುತು ಹಾಕಿಕೊಳ್ಳುತ್ತೇನೆ. ಇದಕ್ಕೆ ಎಚ್‌ಡಬ್ಲ್ಯೂಇನ್‌ಫೋ ಎಂಬ ಉಚಿತ ತಂತ್ರಾಂಶ ಸಾಕು.

ಅದು ತೋರಿಸಿದ ಕಥೆ ಸರಳ. ನನ್ನ ಯಂತ್ರದಲ್ಲಿರುವುದು ಇಂಟೆಲ್‌ನ ಐ5-1135ಜಿ7, 2020ರಲ್ಲಿ ಬಂದ ಹನ್ನೊಂದನೆಯ ತಲೆಮಾರಿನ ಪ್ರೊಸೆಸರ್. ತಯಾರಕರು ಅದನ್ನು 12ರಿಂದ 28 ವಾಟ್‌ವರೆಗೆ ಎಲ್ಲಿ ಬೇಕಾದರೂ ಹೊಂದಿಸಿಕೊಳ್ಳಬಹುದು. ತಣ್ಣಗಿರುವಾಗ ನನ್ನದು 28 ವಾಟ್ ಎಳೆದುಕೊಂಡು ಹಾರುತ್ತದೆ. ಒಳಗಿನ ತಾಮ್ರದ ಕೊಳವೆಯೂ ಒಂದೇ ಪುಟ್ಟ ಫ್ಯಾನೂ ಅಷ್ಟು ಶಾಖವನ್ನು ಹೊರಗೆ ಸಾಗಿಸಲಾರವು. ಮೈ ಬಿಸಿಯೇರಿದ ಮೇಲೆ ಅದು ತಾನಾಗಿಯೇ 15 ವಾಟ್‌ಗೆ ಇಳಿಯುತ್ತದೆ. ಅಂಗಡಿಯಲ್ಲಿ ತೋರಿಸುವ ವೇಗ 28 ವಾಟ್‌ನದು, ನಮ್ಮ ಪಾಲಿಗೆ ಉಳಿಯುವುದು 15 ವಾಟ್‌ನದು. ಆಯವ್ಯಯ ಬರೆಯುವವರ ಭಾಷೆಯಲ್ಲಿ ಹೇಳಬೇಕೆಂದರೆ, ಹಬ್ಬದ ಬೋನಸ್ಸನ್ನು ತಿಂಗಳ ಸಂಬಳವೆಂದು ತಿಳಿದು ಸಾಲ ಮಾಡಿದ ಹಾಗೆ.

ಮೊದಲು ಸರಿಪಡಿಸಿದ್ದು ಮೆಮೊರಿಯನ್ನು. ಇದು ಅನೇಕರ ಕಣ್ಣಿಗೆ ಬೀಳದ ವಿಷಯ. ಕೊಳ್ಳುವಾಗ ಪೆಟ್ಟಿಗೆಯ ಮೇಲೆ 'ಐರಿಸ್ ಎಕ್ಸ್ಇ' ಗ್ರಾಫಿಕ್ಸ್ ಎಂದಿತ್ತು, ಪರದೆಯ ಚಿತ್ರ ಬಿಡಿಸುವ ಭಾಗದ ಹೆಸರದು. ಯಂತ್ರದ ಭಾಗಗಳ ಪಟ್ಟಿ ತೋರಿಸುವ ಡಿವೈಸ್ ಮ್ಯಾನೇಜರ್ ತೆರೆದರೆ ಬರೀ 'ಯುಎಚ್‌ಡಿ ಗ್ರಾಫಿಕ್ಸ್' ಎಂದಿದೆ! ಮೋಸವಲ್ಲ. ಈ ಗ್ರಾಫಿಕ್ಸ್‌ಗೆ ಸ್ವಂತ ಮೆಮೊರಿ ಇಲ್ಲ, ಅದು ಯಂತ್ರದ ರ‍್ಯಾಮ್‌ನಿಂದಲೇ ಎರವಲು ಪಡೆಯಬೇಕು. ರ‍್ಯಾಮ್ ಒಂದೇ ಚಾನೆಲ್‌ನಲ್ಲಿದ್ದರೆ ಐರಿಸ್ ಎಂಬ ಹೆಸರೇ ಅದಕ್ಕೆ ದಕ್ಕುವುದಿಲ್ಲ. ಚಾನೆಲ್ ಎಂದರೆ ಮೆಮೊರಿಗೂ ಪ್ರೊಸೆಸರ್‌ಗೂ ನಡುವಿನ ದಾರಿ. 3200ರ ಡಿಡಿಆರ್4 ಬಗೆಯ ಮೆಮೊರಿ ಒಂದು ಚಾನೆಲ್‌ನಲ್ಲಿ ಸೆಕೆಂಡಿಗೆ 25.6 ಜಿಬಿ ಸಾಗಿಸಿದರೆ, ಎರಡು ಚಾನೆಲ್‌ನಲ್ಲಿ 51.2 ಜಿಬಿ ಸಾಗಿಸುತ್ತದೆ. ನನ್ನ ಲ್ಯಾಪ್‌ಟಾಪ್‌ನಲ್ಲಿ 8 ಜಿಬಿ ಬೋರ್ಡಿಗೇ ಬೆಸುಗೆಯಾಗಿತ್ತು, ಪಕ್ಕದಲ್ಲಿ ಒಂದು ಸ್ಲಾಟ್ ಖಾಲಿ ಇತ್ತು. ಒಂದು ಶನಿವಾರ ದಾದರ್‌ನಲ್ಲಿ ಪಶ್ಚಿಮ ಮಾರ್ಗಕ್ಕೆ ಬದಲಿಸಿ ಗ್ರಾಂಟ್ ರೋಡ್‌ನಲ್ಲಿ ಇಳಿದು, ಲ್ಯಾಮಿಂಗ್ಟನ್ ರೋಡಿನ ಸಾಲು ಅಂಗಡಿಗಳಲ್ಲಿ ಬೆಲೆ ಕೇಳುತ್ತ ಹೋಗಿ, ಅದೇ ವೇಗದ ಇನ್ನೊಂದು 8 ಜಿಬಿ ತಂದೆ. ಹಾಕಿ ಆರಂಭಿಸಿದೆ. ಹೆಸರು ಬದಲಾಗಿತ್ತು: ಐರಿಸ್ ಎಕ್ಸ್ಇ. ತೊಟ್ಟಿಲಿಗೆ ಹಾಕಿದ ಮಗುವಿಗೆ ಹೆಸರಿಟ್ಟಷ್ಟು ಸಂತೋಷವಾಯಿತು ಎಂದರೆ ಅಪ್ಪ ನಗುತ್ತಾರೆ. ಎಲ್ಲ ತೆಳು ಲ್ಯಾಪ್‌ಟಾಪ್‌ಗಳಲ್ಲೂ ಖಾಲಿ ಸ್ಲಾಟ್ ಇರುವುದಿಲ್ಲ. ಕೊಳ್ಳುವ ಮುನ್ನವೇ ನೋಡಿಕೊಳ್ಳಬೇಕಾದ ಸಂಗತಿಯಿದು, ಬಣ್ಣ ನೋಡುವುದಕ್ಕಿಂತ ಮೊದಲು.

ಆಮೇಲೆ ಪರದೆಯ ಲೆಕ್ಕ. 1920×1080 ಎಂದರೆ ಪ್ರತಿ ಫ್ರೇಮಿಗೂ 20 ಲಕ್ಷಕ್ಕೂ ಹೆಚ್ಚು ಚುಕ್ಕಿಗಳನ್ನು ತುಂಬಬೇಕು. 1600×900ಕ್ಕೆ ಇಳಿಸಿದರೆ 14 ಲಕ್ಷದ 40 ಸಾವಿರ. 1280×720ಕ್ಕೆ ಒಂಬತ್ತೂಕಾಲು ಲಕ್ಷಕ್ಕೂ ಕಡಿಮೆ. ಹದಿನಾಲ್ಕು ಇಂಚಿನ ಪರದೆಯಲ್ಲಿ 900ಕ್ಕೂ 1080ಕ್ಕೂ ಇರುವ ವ್ಯತ್ಯಾಸ ನನ್ನ ಕನ್ನಡಕಕ್ಕಂತೂ ಕಾಣುವುದಿಲ್ಲ. ಎಂಎಸ್ಎಎ ಎಂಬ ಅಂಚು ನಯಗೊಳಿಸುವ ಆಯ್ಕೆಯನ್ನು ಪೂರ್ತಿ ತೆಗೆದೆ, ನೆರಳನ್ನೂ ಹುಲ್ಲನ್ನೂ ಕನಿಷ್ಠಕ್ಕೆ ಇಳಿಸಿದೆ. ಕಾರು ಓಡಿಸುವವರಿಗೆ ಹುಲ್ಲು ಯಾಕೆ? ಈಗ ಮೊದಲ ಹತ್ತು ನಿಮಿಷ 58 ಫ್ರೇಮ್, ಇಪ್ಪತ್ತನೆಯ ನಿಮಿಷಕ್ಕೆ 37. ಆದರೂ ನಡುನಡುವೆ 25ಕ್ಕೆ ಬಿದ್ದು ಎದ್ದು ಬರುತ್ತಿತ್ತು.

ಈ ಬೀಳುವಿಕೆಯ ಬೆನ್ನು ಹತ್ತಿ ಎರಡು ರಾತ್ರಿ ಕಳೆದೆ. ಉತ್ತರ ಸಿಕ್ಕಿದ್ದು ವಾಟ್‌ನ ಕಾಲಮ್ಮಿನಲ್ಲಿ. ಪ್ರೊಸೆಸರ್ ಮತ್ತು ಗ್ರಾಫಿಕ್ಸ್ ಒಂದೇ ಚಿಪ್‌ನಲ್ಲಿವೆ, ಆ 15 ವಾಟ್ ಇಬ್ಬರಿಗೂ ಸೇರಿದ್ದು. ಪ್ರೊಸೆಸರ್‌ಗೆ ಟರ್ಬೊ ಎಂಬ ದುಂದುವೆಚ್ಚದ ಚಾಳಿ ಇದೆ. ಚೂರು ಕೆಲಸ ಸಿಕ್ಕರೂ 4 ಗಿಗಾಹರ್ಟ್ಸ್‌ ದಾಟಿ ನೆಗೆಯುತ್ತದೆ, ಮನೆಯ ಸಂಬಳದ ಮುಕ್ಕಾಲು ಪಾಲನ್ನು ತಾನೇ ಮುಗಿಸುತ್ತದೆ. ನಿಜವಾಗಿ ದುಡಿಯಬೇಕಾದ ಗ್ರಾಫಿಕ್ಸ್ ಉಳಿದ ಚಿಲ್ಲರೆಯಲ್ಲಿ ಒದ್ದಾಡುತ್ತದೆ. ಮದ್ದು ವಿಚಿತ್ರವಾದದ್ದು. ವಿಂಡೋಸ್‌ನ ಕಂಟ್ರೋಲ್ ಪ್ಯಾನೆಲ್‌ಗೆ ಹೋಗಿ, ಪವರ್ ಆಪ್ಷನ್ಸ್‌ನ ಅಡ್ವಾನ್ಸ್ಡ್ ಭಾಗದಲ್ಲಿ ಪ್ರೊಸೆಸರ್‌ನ ಗರಿಷ್ಠ ಮಿತಿಯನ್ನು 100ರಿಂದ 99 ಶೇಕಡಾಕ್ಕೆ ಇಳಿಸಿದೆ. ಒಂದೇ ಒಂದು ಶೇಕಡಾ. ಅಷ್ಟಕ್ಕೆ ಟರ್ಬೊ ಪೂರ್ತಿ ನಿಂತು, ಪ್ರೊಸೆಸರ್ ತನ್ನ ಮೂಲ ವೇಗದ ಸುತ್ತಮುತ್ತಲೇ ಉಳಿಯುತ್ತದೆ. ಯಂತ್ರವನ್ನು ನಿಧಾನ ಮಾಡಿದ ಮೇಲೆ ಆಟ ವೇಗವಾಯಿತು! ಇಪ್ಪತ್ತನೆಯ ನಿಮಿಷದ ಅಂಕಿ 37ರಿಂದ 43ಕ್ಕೆ ಏರಿತು, 25ಕ್ಕೆ ಬೀಳುವುದೂ ನಿಂತಿತು. ಕೆಲವು ಲ್ಯಾಪ್‌ಟಾಪ್‌ಗಳಲ್ಲಿ ಈ ಆಯ್ಕೆಯನ್ನು ಅಡಗಿಸಿಟ್ಟಿರುತ್ತಾರೆ, ಹೊರತರಲು ಒಂದು ಆಜ್ಞೆಯನ್ನು ಟೈಪ್ ಮಾಡಬೇಕಾಗುತ್ತದೆ. ನೂರಾರು ವಾಹನ, ಜನಜಂಗುಳಿ ಇರುವ ಆಟಗಳಲ್ಲಿ ಪ್ರೊಸೆಸರ್‌ಗೇ ಕೆಲಸ ಹೆಚ್ಚು. ಅಲ್ಲಿ ಈ ಉಪಾಯ ತಿರುಗಿ ಬೀಳಬಹುದು. ಹಚ್ಚಿ ನೋಡಿಯೇ ತಿಳಿಯಬೇಕು.

43 ಸಿಕ್ಕಿತು, ಆದರೆ ನಾನು ಆಡುವುದು 30ರಲ್ಲಿ. ಇದನ್ನು ಕೇಳಿದ ಸಹೋದ್ಯೋಗಿಯೊಬ್ಬ ಲೆಕ್ಕ ತಪ್ಪಿದ್ದೀರಿ ಎಂಬಂತೆ ನೋಡಿದ. ನನ್ನ ಪರದೆ ಸೆಕೆಂಡಿಗೆ 60 ಸಲ ಹೊಸದಾಗುತ್ತದೆ. 30 ಫ್ರೇಮ್ ಆದರೆ ಪ್ರತಿ ಚಿತ್ರವೂ ಸರಿಯಾಗಿ ಎರಡು ಸಲ ಕಾಣಿಸುತ್ತದೆ. 43 ಆದರೆ ಒಂದು ಚಿತ್ರ ಒಮ್ಮೆ, ಇನ್ನೊಂದು ಎರಡು ಸಲ, ಓಟ ಕುಂಟುತ್ತದೆ. ತಾಳ ತಪ್ಪಿದ ವೇಗಕ್ಕಿಂತ ತಾಳಕ್ಕೆ ಬಿದ್ದ ವಿಳಂಬವೇ ಕಣ್ಣಿಗೆ ಹಿತ. ಫ್ರೇಮಿಗೆ ಮಿತಿ ಹಾಕುವ ರಿವಾಟ್ಯೂನರ್ ಎಂಬ ತಂತ್ರಾಂಶದಲ್ಲಿ 30 ಎಂದು ಬರೆದರೆ ಮುಗಿಯಿತು. ಮಿಕ್ಕ ಶಕ್ತಿ ಖರ್ಚಾಗದೆ ಉಳಿಯುವುದರಿಂದ ಉಷ್ಣಾಂಶ 92 ಡಿಗ್ರಿಯಿಂದ 74ಕ್ಕೆ ಬಂತು. ಎಲ್ಲಕ್ಕಿಂತ ಮಿಗಿಲಾಗಿ ಫ್ಯಾನು ಸುಮ್ಮನಾಯಿತು. ಅಪ್ಪ ಅದೇ ಕೋಣೆಯಲ್ಲಿ ಹತ್ತಕ್ಕೆ ಮಲಗುತ್ತಾರೆ, ನನ್ನ ಆಟ ಶುರುವಾಗುವುದೇ ಹತ್ತೂವರೆಗೆ. ಎದುರಾಳಿಯ ಮೇಲೆ ಗುಂಡು ಹಾರಿಸುವ ಸ್ಪರ್ಧೆಯ ಆಟಗಳಿಗೆ 30 ಸಾಲದು, ಅದನ್ನು ಒಪ್ಪುತ್ತೇನೆ. ಅಂಥವನ್ನು ನಾನು ಆಡುವುದಿಲ್ಲ. ದಿನವಿಡೀ ಲೋಕಲ್‌ನಲ್ಲಿ ಮಾಡುವ ಸ್ಪರ್ಧೆಯೇ ಸಾಕು.

ತಂಪಿನ ವಿಷಯದಲ್ಲಿ ದುಬಾರಿ ಸಾಮಾನು ಯಾವುದೂ ಬೇಕಾಗಲಿಲ್ಲ. ತಳದಲ್ಲಿ ಗಾಳಿ ಎಳೆಯುವ ಜಾಲರಿ ಇದೆ, ಅದಕ್ಕೂ ಮೇಜಿಗೂ ನಡುವೆ ಎರಡು ಮಿಲಿಮೀಟರ್ ಜಾಗ. ಹಿಂದಿನ ಎರಡು ಮೂಲೆಗಳ ಕೆಳಗೆ ನೀರಿನ ಬಾಟಲಿಯ ಎರಡು ಮುಚ್ಚಳ ಇಟ್ಟೆ. ನಾಲ್ಕೈದು ಡಿಗ್ರಿ ಇಳಿಯಿತು. ಹತ್ತಿಯ ಹಾಸಿಗೆಯ ಮೇಲೆ ಇಟ್ಟು ಆಡುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಜಾಲರಿಯ ಮೂಗನ್ನೇ ಒತ್ತಿ ಹಿಡಿದು ಓಡು ಎಂದರೆ ಹೇಗೆ ಓಡೀತು?

ಎರಡನೆಯ ವರ್ಷದ ಮಳೆಗಾಲದಲ್ಲಿ ಮತ್ತೆ ಬಿಸಿ ಏರತೊಡಗಿತು. ರಿಪೇರಿ ಅಂಗಡಿಯೊಂದರಲ್ಲಿ ಮದರ್‌ಬೋರ್ಡ್ ಬದಲಿಸಬೇಕು ಎಂದು, ಲ್ಯಾಪ್‌ಟಾಪಿನ ಅರ್ಧ ಬೆಲೆ ಹೇಳಿದರು. ನಂಬಿಕೆ ಬರಲಿಲ್ಲ. ಮನೆಗೆ ಬಂದು ಕೆಳಗಿನ ಹೊದಿಕೆಯ ಸ್ಕ್ರೂಗಳನ್ನು ನಾನೇ ಬಿಚ್ಚಿದೆ. ಯಾವ ಸ್ಕ್ರೂ ಎಲ್ಲಿಯದೆಂದು ತಿಳಿಯಲು ಕಾಗದದ ಮೇಲೆ ಚಿತ್ರ ಬರೆದು ಅಲ್ಲಲ್ಲೇ ಇಡುತ್ತ ಹೋದೆ. ಮೊದಲು ಬ್ಯಾಟರಿಯ ತಂತಿ ಕಳಚಿದೆ. ಫ್ಯಾನಿಗೂ ತಾಮ್ರದ ರೆಕ್ಕೆಗಳಿಗೂ ನಡುವೆ, ಬೂದು ಕಂಬಳಿಯ ತುಂಡಿನಂತೆ, ಧೂಳು ಒತ್ತಾಗಿ ಹೆಣೆದುಕೊಂಡಿತ್ತು. ಮಳೆಗಾಲದ ತೇವಕ್ಕೆ ಅಂಟಾಗಿತ್ತು ಬೇರೆ. ಚಿಮುಟದಲ್ಲಿ ಹಿಡಿದು ಎಳೆದರೆ ಇಡಿಯಾಗಿ ಎದ್ದು ಬಂತು. ಉಳಿದದ್ದನ್ನು ಬ್ರಷ್‌ನಿಂದ ತೆಗೆದೆ. ಗಾಳಿ ಊದುವಾಗ ಫ್ಯಾನಿನ ಎಲೆಗಳು ತಿರುಗದಂತೆ ಹಲ್ಲುಕಡ್ಡಿ ಸಿಕ್ಕಿಸಿದ್ದೆ. ಖರ್ಚು ಸೊನ್ನೆ, ಹನ್ನೊಂದು ಡಿಗ್ರಿ ಲಾಭ.

ಇನ್ನೊಂದು ಸಣ್ಣ ಮಾತು. ಚಾರ್ಜ್‌ಗೆ ಹಾಕಿ ಆಡುವಾಗ ಅಲ್ಯೂಮಿನಿಯಂ ಮೈ ಮುಟ್ಟಿದರೆ ಮಣಿಕಟ್ಟಿಗೆ ಚಿಟಿಚಿಟಿ ಎನಿಸುತ್ತಿತ್ತು. ನಮ್ಮ ಹಳೆಯ ಕಟ್ಟಡದ ಆ ಸಾಕೆಟ್ಟಿನಲ್ಲಿ ಅರ್ಥಿಂಗ್ ಇರಲಿಲ್ಲ. ಎಲೆಕ್ಟ್ರಿಷಿಯನ್‌ನನ್ನು ಕರೆಸಿ ಅದನ್ನು ಸರಿಮಾಡಿಸಿ, ಮೂರು ಪಿನ್ನಿನ ತಂತಿಯನ್ನೇ ಬಳಸತೊಡಗಿದ ಮೇಲೆ ನಿಂತಿತು.

ಬ್ಯಾಟರಿಯ ಮೇಲೆ ಭಾರದ ಆಟ ಆಡುವುದಿಲ್ಲ. ರಾತ್ರಿ ಒಂಬತ್ತೂವರೆಯ ಮೇಲೆ ಸಿ.ಎಸ್.ಎಂ.ಟಿ. ನಿಲ್ದಾಣದಿಂದಲೇ ಹೊರಡುವ ಸ್ಲೋ ಲೋಕಲ್ ಹಿಡಿದರೆ ಕಿಟಕಿಯ ಪಕ್ಕ ಸೀಟು ಸಿಗುತ್ತದೆ, ಆಗ 'ಸ್ಟಾರ್‌ಡ್ಯೂ ವ್ಯಾಲಿ'. ಎರಿಕ್ ಬರೋನ್ ಎಂಬ ಒಬ್ಬನೇ ವ್ಯಕ್ತಿ ರೂಪಿಸಿ 2016ರಲ್ಲಿ ಬಿಡುಗಡೆ ಮಾಡಿದ ಬೇಸಾಯದ ಆಟ. ಫ್ಯಾನು ಏಳುವುದೇ ಇಲ್ಲ. ಮಡಿಲಲ್ಲಿ ಬ್ಯಾಗು, ಅದರ ಮೇಲೆ ಮಕ್ಕಳು ಪರೀಕ್ಷೆಗೆ ಒಯ್ಯುವ ಗಟ್ಟಿ ರೈಟಿಂಗ್ ಪ್ಯಾಡ್, ಅದರ ಮೇಲೆ ಲ್ಯಾಪ್‌ಟಾಪ್. ಘಾಟ್‌ಕೋಪರ್ ದಾಟುವಷ್ಟರಲ್ಲಿ ಮೂಲಂಗಿ ಕಿತ್ತು ಮುಗಿದಿರುತ್ತದೆ. ಊರಿನ ಗದ್ದೆಯನ್ನು ಗೇಣಿಗೆ ಕೊಟ್ಟು ಬಂದವರ ಮಗಳು ಲೋಕಲ್‌ನಲ್ಲಿ ಬೇಸಾಯ ಮಾಡುತ್ತಾಳೆ ಎಂದು ಅಪ್ಪ ಹಂಗಿಸುವುದುಂಟು.

ದೀಪಾವಳಿ ರಜೆಗೆ ಪುಣೆಯಿಂದ ಅಣ್ಣನ ಮಗ ಬರುತ್ತಾನೆ. ಅವನಿಗೆಂದು 'ರಾಜಿ' ಹಾಕಿಟ್ಟಿದ್ದೇನೆ. ಅವನದೇ ಊರಿನ ನೋಡಿಂಗ್ ಹೆಡ್ಸ್ ಗೇಮ್ಸ್ ಸಂಸ್ಥೆ 2020ರಲ್ಲಿ ಹೊರತಂದ ಆಟ. ಕಳೆದುಹೋದ ತಮ್ಮನನ್ನು ಹುಡುಕುತ್ತ ಅಸುರರೊಡನೆ ಕಾದುವ ಹುಡುಗಿಯ ಕಥೆ. ರಾಜಸ್ಥಾನದ ಕೋಟೆಗಳ ನೆನಪು ತರುವ ಕಟ್ಟಡಗಳ ನಡುವೆ ಅವಳು ಜಿಗಿಯುವುದನ್ನು ಅಪ್ಪನೂ ಕುರ್ಚಿ ಎಳೆದುಕೊಂಡು ನೋಡಿದರು. 720ಕ್ಕೆ ಇಳಿಸಿ 30ಕ್ಕೆ ಕಟ್ಟಿದರೆ ನನ್ನ ಯಂತ್ರ ಅದನ್ನು ಹೊತ್ತು ನಡೆಯುತ್ತದೆ.

ಕಳೆದ ಸಲ ಅವನು ಹೊಸದೊಂದು ದೊಡ್ಡ ಆಟ ಬೇಕೆಂದು ಹಟ ಹಿಡಿದ. ಆಟ ಮಾರುವ ಸ್ಟೀಮ್ ಎಂಬ ತಾಣದಲ್ಲಿ ಕೊಂಡ ಹದಿನಾಲ್ಕು ದಿನದೊಳಗೆ, ಆಡಿದ್ದು ಎರಡು ಗಂಟೆ ಮೀರದಿದ್ದರೆ, ಹಣ ವಾಪಸ್ ಕೇಳಬಹುದು. ನನ್ನ ಪರೀಕ್ಷೆಗೆ ಎರಡು ಗಂಟೆ ಧಾರಾಳವಾಯಿತು. ಕೊಂಡೆ.

"ಅತ್ತೆ, ನೋಡಿ, ಎಷ್ಟು ಚೆನ್ನಾಗಿ ಓಡುತ್ತಿದೆ!" ಎಂದ, ಐದನೆಯ ನಿಮಿಷಕ್ಕೆ.

"ಇರು," ಎಂದೆ.

ಹದಿನೆಂಟನೆಯ ನಿಮಿಷಕ್ಕೆ ನಾಯಕನ ಕತ್ತಿ ಗಾಳಿಯಲ್ಲೇ ನಿಂತು ನಿಂತು ಇಳಿಯತೊಡಗಿತು. ಒಳಗಿನಿಂದ ಅಪ್ಪ, "ಎಷ್ಟನೆಯ ದೋಸೆ?" ಎಂದು ಕೂಗಿದರು. ಹುಡುಗನಿಗೆ ಅರ್ಥವಾಗಲಿಲ್ಲ. ಮೂಲೆಯಲ್ಲಿ 14 ಎಂಬ ಅಂಕಿ ಕಂಡು, ಬ್ಯಾಟ್ ಎತ್ತಿಕೊಂಡು ಕೆಳಗಿನ ಅಂಗಳಕ್ಕೆ ಇಳಿದ. ನಾನು ಹಣ ವಾಪಸಿನ ಅರ್ಜಿ ತುಂಬಿಸಿದೆ.