ಕಾರ್ಪೆಟ್ ಕೀಳದೆ ಮೇಲೇ ಮರದ ಥರದ ಫ್ಲೋರ್ ಹಾಕಿದ ನನ್ನ ಅನುಭವ

ನ್ಯೂಜೆರ್ಸಿಲಿ ಮನೆ ತಗೊಂಡಾಗ ಮೇಲಿನ ರೂಮುಗಳಲ್ಲೂ ಕಾರ್ಪೆಟ್ಟು, ಬೇಸ್‌ಮೆಂಟಲ್ಲೂ ಕಾರ್ಪೆಟ್ಟು. ದಾವಣಗೆರೆಯಿಂದ ಬಂದ ಅಮ್ಮ ಮೊದಲನೇ ದಿನಾನೇ "ಇದನ್ನ ಒರೆಸೋದು ಹೆಂಗಪಾ?" ಅಂದ್ರು, ವ್ಯಾಕ್ಯೂಮ್ ಮಾಡ್ತೀವಮ್ಮಾ ಅಂದ್ರೆ ಮುಖ ಸಿಂಡರಿಸಿದ್ರು. ಮೇಲಿನ ಸಣ್ಣ ರೂಮಲ್ಲಿ ದೇವರ ಮಂಟಪ, ಪಕ್ಕದಲ್ಲೇ ನನ್ನ ಆಫೀಸ್ ಟೇಬಲ್ಲು. ಒಂದು ಶುಕ್ರವಾರ ಕುಂಕುಮದ ಬಟ್ಟಲು ಉರುಳ್ತು, ನಾನು ನೀರು ಹಾಕಿ ಉಜ್ಜಿದ್ದೇ ತಪ್ಪಾಯ್ತು, ಅಂಗೈಯಗಲ ಇದ್ದಿದ್ದು ತಟ್ಟೆಯಗಲ ಆಯ್ತು. ಅವತ್ತಿಗೆ ಕಾರ್ಪೆಟ್ ಋಣ ಮುಗೀತು.

ಕೀಳೋದು ದೊಡ್ಡ ರಗಳೆ ಅನ್ನಿಸಿ ಕಾರ್ಪೆಟ್ ಮೇಲೇ ವಿನೈಲ್ ಪ್ಲ್ಯಾಂಕ್, ಅಂದ್ರೆ ಮರದ ಹಲಗೆ ಥರ ಕಾಣೋ ಪ್ಲಾಸ್ಟಿಕ್ ಪಟ್ಟಿ, ಹಾಕಿಬಿಡೋಣ ಅಂದ್ಕೊಂಡೆ, ಒಂದಕ್ಕೊಂದು ಸಿಕ್ಕಿಸೋ ಕ್ಲಿಕ್ ಥರದ್ದು. ಡಬ್ಬದೊಳಗಿನ ಶೀಟಲ್ಲಿ ಕಾರ್ಪೆಟ್ ಮೇಲೆ ಹಾಕಬೇಡಿ ಅಂತ ದಪ್ಪಕ್ಷರದಲ್ಲೇ ಇತ್ತು, ಆದ್ರೂ ಹಾಕ್ದೆ. ಹಾಕಿದ ದಿನ ನೋಡೋಕೆ ಸಕತ್ತಾಗಿತ್ತು, ನಡೆದ್ರೆ ಮಾತ್ರ ಕಾಲಡಿ ಕುಯ್ಯಕ್ ಅನ್ನೋದು. ಮೂರನೇ ವಾರಕ್ಕೆ ಕುರ್ಚಿ ಚಕ್ರ ಓಡಾಡೋ ಜಾಗದಲ್ಲಿ ಜಾಯಿಂಟ್ ಬಾಯ್ಬಿಡ್ತು. ಪ್ಲ್ಯಾಂಕ್ ಎತ್ತಿ ನೋಡಿದ್ರೆ ಪಕ್ಕದ ಪ್ಲ್ಯಾಂಕಿಗೆ ಸಿಕ್ಕಿಸೋ, ಉಗುರಿನಷ್ಟು ತೆಳ್ಳಗಿರೋ ಅಂಚಿನ ನಾಲಿಗೆ ಮುರಿದು ಹೋಗಿದೆ. ಕಾರಣ ಕಾರ್ಪೆಟ್ ಅಲ್ಲ, ಅದರ ಕೆಳಗಿನ ಸ್ಪಂಜಿನ ಪ್ಯಾಡು, ದಿಂಬಿನ ಮೇಲೆ ಹಪ್ಪಳ ಹರಡಿ ಓಡಾಡಿದ ಹಾಗೆ, ಪ್ರತಿ ಹೆಜ್ಜೆಗೂ ಜಾಯಿಂಟ್ ಬಗ್ಗುತ್ತೆ, ಕೊನೆಗೊಂದಿನ ಲಟಕ್.

ಬೇಸ್‌ಮೆಂಟ್ ಕತೆ ಬೇರೆ. ಅಲ್ಲಿರೋದು ಆಫೀಸುಗಳಲ್ಲಿ ಇರುತ್ತಲ್ಲ, ಆ ಥರ ಗಿಡ್ಡ ಎಳೆಯ ಕಾರ್ಪೆಟ್ಟು, ಪ್ಯಾಡ್ ಇಲ್ಲ, ನೇರ ಕಾಂಕ್ರೀಟಿಗೆ ಅಂಟಿಸಿದ್ದು, ಹಿಮ್ಮಡಿ ಊರಿದ್ರೂ ತಗ್ಗಲ್ಲ. ಅದರ ಮೇಲೆ ಹಾಕಿದ್ದು ಎರಡು ವರ್ಷ ಆಯ್ತು, ಅಲ್ಲಾಡಿಲ್ಲ. ಆದ್ರೆ ಹಾಕೋಕೆ ಮುಂಚೆ ಒಂದು ಮೂಲೆ ಕಿತ್ತು ಕಾಂಕ್ರೀಟ್ ಮೇಲೆ ಪ್ಲಾಸ್ಟಿಕ್ ಹಾಳೆ ಟೇಪ್ ಹಾಕಿ ಮೂರು ದಿನ ಬಿಟ್ಟಿದ್ದೆ, ಅಡಿಯಲ್ಲಿ ಬೆವರು ಕಾಣಲಿಲ್ಲ ಅಂತಲೇ ಮುಂದುವರಿದಿದ್ದು. ತೇವ ಇದ್ದಿದ್ರೆ ವಿನೈಲ್ ಕೆಳಗೆ ಕಾರ್ಪೆಟ್ ಬೂಸ್ಟು ಹಿಡಿದು ಮನೆಯೆಲ್ಲಾ ನಾತ. ಈಗಲೂ ಬೇಸಿಗೆಲಿ ಗಾಳಿಯ ತೇವ ಹೀರೋ ಡೀಹ್ಯುಮಿಡಿಫೈಯರ್ ಆಫ್ ಮಾಡಲ್ಲ. ನೆಲ ಎತ್ತರ ಆಗಿ ಬಾಗಿಲು ಉಜ್ಜೋಕೆ ಶುರುವಾಯ್ತು ನೋಡಿ, ಅದನ್ನ ಕಳಚಿ ಕೆಳಗಡೆ ಅರ್ಧ ಇಂಚು ಕೊಯ್ದೆ, ಅದೇ ಒಂದು ಸಂಜೆ ತಿಂತು.

ಕೊನೆಗೆ ಮೇಲಿನ ರೂಮಿನ ಕಾರ್ಪೆಟ್ ಕಿತ್ತೇ ಕಿತ್ತೆ. ನಾನು ಹೆದರಿದಷ್ಟಿರಲಿಲ್ಲ, ಚಾಕುವಲ್ಲಿ ಎರಡೆರಡಡಿ ಪಟ್ಟಿ ಕೊಯ್ದು ಸುತ್ತಿಟ್ಟೆ, ಎರಡು ಗಂಟೆ ಕೆಲಸ. ಅಂಚಿನ ಮೊಳೆಪಟ್ಟಿಗೆ ಮಾತ್ರ ದಪ್ಪ ಗ್ಲೌಸ್ ಬೇಕು, ಪ್ಲೈವುಡ್ ಮೇಲೆ ಉಳಿದ ನೂರಾರು ಸ್ಟೇಪಲ್ ಪಿನ್ನು ಇಕ್ಕಳದಲ್ಲಿ ಒಂದೊಂದಾಗಿ ಕೀಳೋವಾಗ ಸೊಂಟ ಹೋಯ್ತು.

ರೂಮು 10 ಅಡಿಗೆ 12 ಅಡಿ. ವೇಸ್ಟೇಜಿಗೆ ಶೇಕಡಾ 10 ಸೇರಿಸಿ 132 ಚದರಡಿ, ಡಬ್ಬಕ್ಕೆ 23 ಚಿಲ್ಲರೆ ಚದರಡಿ ಅಂದ್ರೆ ಆರು ಡಬ್ಬ. ಮೊದಲನೇ ಸಲ ಲೆಕ್ಕ ಹಾಕದೆ ಗೋಡೆಯಿಂದ ಪೂರ್ತಿ ಪ್ಲ್ಯಾಂಕ್ ಇಟ್ಕೊಂಡು ಬಂದಿದ್ದೆ, ಪ್ಲ್ಯಾಂಕ್ ಅಗಲ 7 ಇಂಚು, ಹದಿನೇಳು ಸಾಲಾದ್ಮೇಲೆ ಆ ಕಡೆ ಅರ್ಧ ಇಂಚಿನ ಚೂರು ತುಂಬೋ ಪಜೀತಿ. ಈ ಸಲ ಎರಡೂ ಗೋಡೆ ಪಕ್ಕದ ಸಾಲನ್ನ ಉದ್ದಕ್ಕೆ ಸೀಳಿ ಪೌನೇ ನಾಲ್ಕಿಂಚು ಮಾಡ್ಕೊಂಡೆ, ಮಧ್ಯೆ ಹದಿನಾರು ಪೂರ್ತಿ ಸಾಲು. ಪ್ರತಿ ಗೋಡೆಗೂ ಕಾಲಿಂಚು ಗ್ಯಾಪು ಬಿಡಲೇಬೇಕು, ಬಿಸಿಲಿಗೆ ವಿನೈಲ್ ಹಿಗ್ಗುತ್ತೆ. ಕೊಯ್ಯೋಕೆ ಮೆಷಿನ್ ಬೇಡ, ಚಾಕುವಲ್ಲಿ ಎರಡು ಸಲ ಗೀರಿ ಮಂಡಿ ಮೇಲಿಟ್ಟು ಬಗ್ಗಿಸಿದ್ರೆ ಚಟ್ ಅಂತ ಮುರಿಯುತ್ತೆ. ಸುತ್ತಿಗೇಲಿ ನೇರ ಬಡೀಬೇಡಿ, ಮಧ್ಯೆ ಒಂದು ಪ್ಲ್ಯಾಂಕ್ ತುಂಡಿಟ್ಟು ಮೆಲ್ಲಗೆ ತಟ್ಟಿ.

ಅಂದಹಾಗೆ, ಪ್ಯಾಡ್ ಎತ್ತಿದಾಗ ಆ ಕುಂಕುಮದ ಕೆಂಪು ಪ್ಲೈವುಡ್ ತನಕ ಇಳಿದಿತ್ತು. ಒರೆಸೋಣ ಅಂತ ಬಟ್ಟೆ ತಗೊಂಡೆ, ಇಷ್ಟು ದಿನ ಒರೆಸಬೇಕು ಒರೆಸಬೇಕು ಅಂತಿದ್ದ ಅಮ್ಮಾನೇ "ಅದಿರ್ಲಿ ಬಿಡಪಾ" ಅಂದ್ರು. ಹಂಗೇ ಮೇಲೆ ಪ್ಲ್ಯಾಂಕ್ ಸಿಕ್ಕಿಸಿದೆ.