ಬೇರೆ ರೆಕಾರ್ಡ್ ಮಾಡಿದ ಆಡಿಯೊ, ವಿಡಿಯೊಗೆ ಸರಿಯಾಗಿ ಕೂರಬೇಕಾದರೆ

ಯಕ್ಷಗಾನವನ್ನು ಕ್ಯಾಮೆರಾದಲ್ಲಿ ಹಿಡಿದು, ಆಡಿಯೊವನ್ನು ಮಿಕ್ಸರ್‌ಗೆ ಜೋಡಿಸಿದ ರೆಕಾರ್ಡರ್‌ನಲ್ಲಿ ತೆಗೆಯುವವರು ಈಗ ಜಾಸ್ತಿ. ಒಳ್ಳೆಯ ಕೆಲಸ. ಆದರೆ ಯೂಟ್ಯೂಬ್‌ನಲ್ಲಿ ನೋಡಿ: ಶುರುವಿಗೆ ಎಲ್ಲ ಸರಿ, ಗಂಟೆ ಕಳೆಯುವಷ್ಟರಲ್ಲಿ ಚೆಂಡೆಗೆ ಕೋಲು ಬಿದ್ದ ಮೇಲೆ ಪೆಟ್ಟು ಕೇಳಿಸುತ್ತದೆ. ಆಟದ ರುಚಿಯೇ ಕೆಡುತ್ತದೆ.

1. ರೆಕಾರ್ಡರ್‌ನ ಸ್ಯಾಂಪಲ್ ರೇಟ್ 48 ಕಿಲೋಹರ್ಟ್ಸ್‌ನಲ್ಲಿರಲಿ. ಕ್ಯಾಮೆರಾದ ಮೈಕ್ ಆಫ್ ಮಾಡಲೇಬೇಡಿ. ಆಮೇಲೆ ಎರಡನ್ನೂ ಹೊಂದಿಸುವ ಸಾಫ್ಟ್‌ವೇರ್ ಹೋಲಿಸಿ ನೋಡುವುದು ಆ ಸದ್ದನ್ನೇ. ರಂಗಸ್ಥಳದ ಮೈಕ್ ಎದುರು, ಕ್ಯಾಮೆರಾಕ್ಕೆ ಕಾಣುವಂತೆ ಮೊದಲಿಗೊಂದು ಚಪ್ಪಾಳೆ, ಕೊನೆಗೊಂದು.

2. ಮೊಬೈಲ್ ವಿಡಿಯೊ ಆದರೆ ಮೊದಲು ಹ್ಯಾಂಡ್‌ಬ್ರೇಕ್ ಎಂಬ ಉಚಿತ ಸಾಫ್ಟ್‌ವೇರ್‌ನಲ್ಲಿ 'ಕಾನ್‌ಸ್ಟಂಟ್ ಫ್ರೇಮ್‌ರೇಟ್'ಗೆ ಬದಲಿಸಿ. ಮೊಬೈಲ್‌ನ ಫ್ರೇಮ್‌ರೇಟ್, ಅಂದರೆ ಸೆಕೆಂಡಿಗೆ ಎಷ್ಟು ಚಿತ್ರ ಅನ್ನುವುದು, ಏರಿಳಿಯುತ್ತಿರುತ್ತದೆ.

3. ಎಡಿಟ್ ಮಾಡಲು ಡಾವಿಂಚಿ ರಿಸಾಲ್ವ್ ಸಾಫ್ಟ್‌ವೇರ್‌ನ ಉಚಿತ ಆವೃತ್ತಿ ಸಾಕು. ಎರಡೂ ಫೈಲ್ ಆರಿಸಿ, ರೈಟ್ ಕ್ಲಿಕ್ ಮಾಡಿ, 'ಆಟೊ ಸಿಂಕ್ ಆಡಿಯೊ'ದಲ್ಲಿ 'ವೇವ್‌ಫಾರ್ಮ್' ಒತ್ತಿ. ಕ್ಯಾಮೆರಾದ ಸದ್ದನ್ನೂ ಉಳಿಸಿಕೊಳ್ಳುವ ಆಯ್ಕೆಯನ್ನೇ ತೆಗೆದುಕೊಳ್ಳಿ. ಇದೇ ಕೆಲಸಕ್ಕೆ ಬಳಸುತ್ತಿದ್ದ ಹಳೆಯ ಸಾಫ್ಟ್‌ವೇರ್ ಪ್ಲೂರಲ್ ಐಸ್‌ನ ಕಳ್ಳ ಕಾಪಿ ಹುಡುಕಿ ವೈರಸ್ ತರಿಸಿಕೊಳ್ಳಬೇಡಿ. ಅದರ ಬೆಳವಣಿಗೆ ನಿಂತುಹೋಗಿದೆ.

4. ಸುಮಾರು ಜನ ಇಲ್ಲಿಗೇ ಮುಗಿಯಿತು ಅಂದುಕೊಳ್ಳುತ್ತಾರೆ. ನಿಜವಾದ ಕೆಲಸ ಇರುವುದೇ ಈಗ. ಸದ್ದು ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ಕ್ಯಾಮೆರಾ 14 ಮೀಟರ್ ಹಿಂದಿದ್ದರೆ ಅದರ ಮೈಕ್‌ಗೆ ಸದ್ದು ತಲುಪುವುದು 40 ಮಿಲಿಸೆಕೆಂಡ್ ತಡವಾಗಿ. 25 ಫ್ರೇಮ್ ವಿಡಿಯೊದಲ್ಲಿ ಅದು ಒಂದು ಫ್ರೇಮ್. ಸಾಫ್ಟ್‌ವೇರ್, ಮಿಕ್ಸರ್‌ನಿಂದ ಬಂದ ಆಡಿಯೊವನ್ನೂ ಆ ತಡವಾದ ಸದ್ದಿಗೇ ಹೊಂದಿಸುತ್ತದೆ. ಹಾಗಾಗಿ ಕ್ಲಿಪ್ಪನ್ನು ಟೈಮ್‌ಲೈನ್‌ಗೆ ಹಾಕಿ, ವಿಡಿಯೊ ಆಡಿಯೊ ನಡುವಿನ ಲಿಂಕ್ ಬಿಡಿಸಿ, ಮೊದಲ ಚಪ್ಪಾಳೆಯಲ್ಲಿ ಅಂಗೈ ಕೂಡುವ ಫ್ರೇಮ್ ಹುಡುಕಿ, ಆಡಿಯೊವನ್ನು ಒಂದು ಫ್ರೇಮ್ ಮುಂಚೆ ಸರಿಸಿ.

ಈಗ ಕೊನೆಯ ಚಪ್ಪಾಳೆಗೆ ಹೋಗಿ. ಕ್ಯಾಮೆರಾದ ಗಡಿಯಾರ, ರೆಕಾರ್ಡರ್‌ನ ಗಡಿಯಾರ ಬೇರೆ ಬೇರೆ ಅಲ್ವಾ? ಗಂಟೆಗೆ ಎರಡು ಮೂರು ಫ್ರೇಮ್ ಜಾರಿರಬಹುದು. ಇಡೀ ಆಡಿಯೊವನ್ನು ಸುಮ್ನೆ ಹಿಂದೆ ಮುಂದೆ ಎಳೆದರೆ ಕೊನೆ ಸರಿಯಾಗಿ ಮೊದಲು ಕೆಡುತ್ತದೆ. ಪದ್ಯ ಮುಗಿದು ಅರ್ಥ (ಪಾತ್ರಧಾರಿಗಳ ಮಾತು) ಶುರುವಾಗುವ ಮುಂಚಿನ ಬಿಡುವಿನಲ್ಲಿ ಕತ್ತರಿಸಿ, ಅಲ್ಲಿಂದ ಮುಂದಿನದನ್ನು ಒಂದು ಫ್ರೇಮ್ ಸರಿಸಿ, ಕತ್ತರಿಸಿದ ಜಾಗ ಗೊತ್ತಾಗದಂತೆ ಒಂದರ ಸದ್ದು ಇನ್ನೊಂದಕ್ಕೆ ಬೆರೆಸುವ ಸಣ್ಣ ಕ್ರಾಸ್‌ಫೇಡ್ ಹಾಕಿ. ಮೂರು ಫ್ರೇಮ್ ಜಾರಿದ್ದರೆ ಮೂರು ಕಡೆ, ದೂರ ದೂರಕ್ಕೆ. ಸ್ಪೀಡ್ ಬದಲಿಸಿ ಸರಿಮಾಡಲು ಹೋಗಬೇಡಿ. ಭಾಗವತರ ಸ್ವರಕ್ಕೆ ಕೈ ಹಾಕುವುದೇ ಬೇಡ.

5. ಕ್ಯಾಮೆರಾದ ಟ್ರ್ಯಾಕ್ ಮ್ಯೂಟ್ ಮಾಡಿ ರೆಂಡರ್‌ಗೆ (ಅಂತಿಮ ವಿಡಿಯೊ ಫೈಲ್ ತಯಾರಿಗೆ) ಹಾಕಿ. ಮರೆತರೆ ಪ್ರತಿ ಪೆಟ್ಟೂ ಎರಡೆರಡು ಕೇಳಿಸುತ್ತದೆ.